ಆಯ್ತಾ?

ಆ ಮನೆಯ ನಾಯಿಗೆ ಮಾವ ಇಟ್ಟಿದ್ದ ಹೆಸರು ಅವಸರಪ್ಪ. ತಟ್ಟೆ ನೆಲ ಮುಟ್ಟುವುದೇ ತಡ, ಕಣ್ಣು ಮುಚ್ಚಿ ತೆರೆಯುವುದರೊಳಗೆ ಎಲ್ಲ ಖಾಲಿ. ಸೊಸೆ ಟೈಲರಮ್ಮ ಅದನ್ನು ನೋಡಿ ವರ್ಷಗಟ್ಟಲೆ ನಕ್ಕಿದ್ದೇ ನಕ್ಕಿದ್ದು. ಕಳೆದ ತಿಂಗಳು ಅವನ ಹೊಟ್ಟೆ ಗಾಳಿ ತುಂಬಿ ಉಬ್ಬಿ, ಆಸ್ಪತ್ರೆಯಲ್ಲಿ ಇಡೀ ಹಗಲು ಒದ್ದಾಡಿ ಹೇಗೋ ಬದುಕಿಕೊಂಡ. ಆಮೇಲೆ ಆ ನಗು ನಿಂತಿತು.

"ಸದ್ಯ, ಈ ಸಲ ಹೊಟ್ಟೆ ತಿರುಚ್ಕೊಂಡಿಲ್ಲ," ಎಂದಿದ್ದರು ಪಶುವೈದ್ಯೆ. "ಹೀಗೇ ನುಂಗ್ತಾ ಇದ್ರೆ ಒಂದಿನ ತಿರುಚ್ಕೊಳ್ಳುತ್ತೆ. ಈ ವಯಸ್ಸಲ್ಲಿ ಉಳಿಸೋದು ಕಷ್ಟ."

ಮಾವನ ಮುಖ ಬಿಳಿಚಿಕೊಂಡಿತು. ನಲವತ್ತು ವರ್ಷ ಗಡಿಯಾರ ರಿಪೇರಿ ಮಾಡಿದ ಮನುಷ್ಯ. ಈಗ ಕೈ ನಡುಗುತ್ತದೆ, ಕೆಲಸವಿಲ್ಲ. ದಿನವಿಡೀ ಅವರ ಮಾತಿಗೆ ಸಿಗುವವನು ಅವಸರಪ್ಪ ಒಬ್ಬನೇ.

ಟೈಲರಮ್ಮ ಕೈಕಟ್ಟಿ ಕೂರುವವಳಲ್ಲ. ನಾಯಿ ನಿಧಾನವಾಗಿ ತಿನ್ನಲಿ ಎಂದು, ಅಂಗಿಯ ಗುಂಡಿಗಳನ್ನು ವಿಂಗಡಿಸಿಡುವ ಹದಿನಾರು ಪುಟ್ಟ ಮನೆಗಳ ಡಬ್ಬಿಯನ್ನು ಖಾಲಿ ಮಾಡಿ, ತಿಕ್ಕಿ ತೊಳೆದು, ಒಂದೊಂದು ಮನೆಗೂ ನಾಯಿ ತಿನ್ನುವ ಕಾಳು ನಾಲ್ಕು ನಾಲ್ಕು ಹಾಕಿದಳು. ಅವಸರಪ್ಪ ಡಬ್ಬಿಯನ್ನೇ ಮಗುಚಿ, ಚೆಲ್ಲಿದ ಕಾಳನ್ನೆಲ್ಲ ನುಂಗಿದ. ಅದನ್ನು ಹಲಗೆಗೆ ಸ್ಕ್ರೂ ಹಾಕಿ ಬಿಗಿದಳು. ಅವನು ಮಧ್ಯೆ ಮಧ್ಯೆ ಬಾಗಿಲಲ್ಲಿ ನಿಂತ ಅವಳ ಕಡೆ ನೋಡುತ್ತ, ಇನ್ನಷ್ಟು ಬೇಗಬೇಗ ಮನೆ ಮನೆಯನ್ನೂ ಗುಡಿಸಿ ಹಾಕಿದ.

"ಅಲ್ಲಾ ಮಾವ, ಯಾರು ಅಟ್ಟಿಸ್ಕೊಂಡು ಬರ್ತಾರೆ ಅಂತ ಇವನಿಗೆ ಈ ಪಾಟಿ ಅವಸರ?" ಎಂದಳು ಒಂದು ಮಧ್ಯಾಹ್ನ, ಎಂದಿನಂತೆ ಕೊರಳಲ್ಲಿ ಅಳತೆಯ ಟೇಪು ಹಾಕಿಕೊಂಡು ಅಡುಗೆಮನೆಯ ಬಾಗಿಲಲ್ಲಿ ನಿಂತು. ಬೆನ್ನಿಗೇ, ಎಂದಿನಂತೆ, "ಆಯ್ತಾ?"

ನಾಯಿ ಗಬಗಬನೆ ಬಾಯಿ ಹಾಕಿತು. ಪಕ್ಕದಲ್ಲಿ ಉಣ್ಣುತ್ತಿದ್ದ ಮಾವನೂ ಎರಡು ತುತ್ತನ್ನು ಒಟ್ಟಿಗೇ ತುರುಕಿಕೊಂಡು ಕೆಮ್ಮಿದರು. ನೀರು ಕುಡಿದು ಸುಧಾರಿಸಿಕೊಂಡು, ತಲೆ ತಗ್ಗಿಸಿಯೇ ಹೇಳಿದರು: "ಬೇಜಾರು ಮಾಡ್ಕೋಬೇಡ ಕಣಮ್ಮ. ನೀನು 'ಆಯ್ತಾ' ಅಂದ್ರೆ ತಟ್ಟೆ ಎತ್ಕೊಂಡು ಹೋಗ್ತೀಯ ಅಂತ ಅವನಿಗೆ ಗೊತ್ತು. ನಂಗೂ ಗೊತ್ತು."

ಪಾತ್ರೆ ತೊಳೆದಿಟ್ಟು ಹೊಲಿಗೆ ಮಷೀನಿಗೆ ಮರಳುವ ಧಾವಂತದಲ್ಲಿ, ಎಂಟು ವರ್ಷ, ಹೊತ್ತು ಹೊತ್ತಿಗೂ ಅವಳು ಅಂದ ಮಾತು ಅದು. ಬೈಗುಳವೇನಲ್ಲ. ಆದರೂ ಅವಳಿಗೆ ನಾಚಿಕೆಯಿಂದ ಅಳು ಬಂತು.

ಮರುದಿನ ಟೇಪನ್ನು ಮಷೀನಿನ ಮೇಲೆ ಬಿಟ್ಟು, ತನ್ನ ತಟ್ಟೆಯನ್ನೂ ಹಿಡಿದು ಬಂದು ಇಬ್ಬರ ಪಕ್ಕ ನೆಲಕ್ಕೆ ಕೂತಳು. ಹೊರಗೆ ಗಿರಾಕಿಯೊಬ್ಬರು ಕರೆದರು.

"ಊಟ ಮಾಡ್ತಿದೀವಿ, ಕೂತಿರಿ!" ಎಂದಳು.

ಅವಸರಪ್ಪ ಡಬ್ಬಿಯ ಎರಡು ಮನೆ ಖಾಲಿ ಮಾಡಿ ಬಾಗಿಲ ಕಡೆ ನೋಡಿದ. ಯಾರೂ ಇರಲಿಲ್ಲ. ಮೂರನೆಯ ಮನೆಯ ಕಾಳನ್ನು ಕಟಕಟ ಅಗಿದ. ಅವನು ಅಗಿಯುವ ಸದ್ದನ್ನು ಅದುವರೆಗೆ ಯಾರೂ ಕೇಳಿರಲಿಲ್ಲ. ಮಾವ ತುತ್ತನ್ನು ಕೈಯಲ್ಲಿ ಹಿಡಿದೇ ಸ್ವಲ್ಪ ಹೊತ್ತು ಕೇಳುತ್ತ ಕೂತರು.

ಆಮೇಲೆ ತಟ್ಟೆಯನ್ನು ಮುಂದೆ ಸರಿಸಿದರು. "ಇನ್ನೊಂದು ಸ್ವಲ್ಪ ಹಾಕಮ್ಮ."

ಎಂಟು ವರ್ಷದಲ್ಲಿ ಅವರು ಕೇಳಿ ಬಡಿಸಿಕೊಂಡದ್ದು ಅದೇ ಮೊದಲು.