ಹಗ್ಗದಾಚೆಯ ಪ್ರೇಮಿ

ಬಿಸಿಲು ಆಗಲೇ ಅರ್ಧ ಅಂಗಳ ಬಿಟ್ಟಿತ್ತು. ಇನ್ನರ್ಧ ಗಂಟೆ ಹೋದರೆ ಕ್ಯಾಮೆರಾ ಕುರುಡು. ಪೆಟ್ಟಿಗೆಯಲ್ಲಿ ಉಳಿದದ್ದು ಒಂದೇ ರೀಲು. ಮುಂದಿನದು ಕಲ್ಕತ್ತೆಯ ಹಡಗಿನಲ್ಲಿ ಬರುವ ಹೊತ್ತಿಗೆ ರಂಗೂನಿಗೆ ಮಳೆ ಹಿಡಿದಿರುತ್ತದೆ. ನಿರ್ದೇಶಕ ಬ ನ್ಯೇನನ ಮೊದಲ ಚಿತ್ರಕ್ಕೆ ಇದೊಂದು ದೃಶ್ಯ ಬಾಕಿ: ಊರ ಮುಖಂಡನ ಆಳುಗಳು ಅಟ್ಟಿಸಿಕೊಂಡು ಬರುವಾಗ ಪ್ರೇಮಿ ಹಗ್ಗದ ಮೇಲೆ ಒಣಹಾಕಿದ, ಹೆಂಗಸರು ಉಡುವ ಲುಂಗಿಗಳ ಕೆಳಗೆ ನುಗ್ಗಿ ಅಡಗಬೇಕು. ಬೇರೆ ಯಾವ ಗಂಡಸೂ ಅಲ್ಲಿಗೆ ತಲೆ ಹಾಕುವುದಿಲ್ಲ. ಅದೇ ಕಥೆಯ ಜೀವ.

ನಾಯಕ ಟುನ್ ಜೋ ಹಗ್ಗದಿಂದ ನಾಲ್ಕು ಮಾರು ದೂರದಲ್ಲಿ ಚುಟ್ಟಾ ಸೇದುತ್ತ ಕೂತಿದ್ದ.

"ಆಗಲ್ಲ ಗುರುಗಳೇ. ಅದರಡಿ ತಲೆ ಕೊಟ್ರೆ ಗಂಡಸಿನ ತೇಜಸ್ಸೇ ಹೋಗುತ್ತೆ."

"ಅಯ್ಯೋ ಮಾರಾಯ, ಬೆಳಿಗ್ಗೆ ನಾನೇ ಅಂಗಡಿಯಿಂದ ತಂದದ್ದು! ಒಬ್ಬಳೂ ಉಟ್ಟಿಲ್ಲ. ಬರೀ ಬಟ್ಟೆ!" ಎಂದ ಬ ನ್ಯೇನ್.

"ಅದು ನಮಗೆ ಗೊತ್ತು. ಪರದೆ ಮುಂದೆ ಕೂತೋರಿಗೆ ಗೊತ್ತಾ? ದಿನಾ ಎರಡಾಟ, ಎರಡರಲ್ಲೂ ನಾನು ನುಗ್ತಾನೇ ಇರ್ತೀನಿ. ನಮ್ಮಮ್ಮ ಬೇರೆ ನೋಡೋಕೆ ಬರ್ತಾಳೆ."

ಹಗ್ಗದ ಕೋಲು ಹಿಡಿದು ನಿಂತಿದ್ದ ನಾಯಕಿ ಮ ಖಿನ್ ಲೇ ನಕ್ಕಳು. "ನನಗೋಸ್ಕರ ಪ್ರಾಣ ಕೊಡ್ತೀನಿ ಅಂತ ನಿನ್ನೆ ಅಷ್ಟೊಂದು ಅತ್ತೆಯಲ್ಲೋ ಅಣ್ಣ!"

"ಪ್ರಾಣ ತಗೋ ತಂಗಿ. ತೇಜಸ್ಸು ಕೇಳಬೇಡ."

ಬ ನ್ಯೇನನ ಮೈ ಉರಿಯಿತು. ಇದು ಬರ್ಮೀಯರ ಕೈಲಿ ಆಗುವ ಕೆಲಸವಲ್ಲ ಎಂದಿದ್ದ ಬಿಳಿಯ ಫೋಟೋಗ್ರಾಫರನ ಹಳೇ ಕ್ಯಾಮೆರಾವನ್ನು ಬಿಚ್ಚಿ, ಜೋಡಿಸಿ, ಮೂರು ವರ್ಷ ಒಬ್ಬನೇ ಕಲಿತದ್ದು. ಕೊನೆಗೆ ನಿಂತದ್ದು ಎರಡು ಗಜ ಬಟ್ಟೆಯ ಮುಂದೆ!

"ಆ ಅಂಗಿ ಬಿಚ್ಚಿ ಕೊಡೋ. ಬೆನ್ನಷ್ಟೇ ಕಾಣ್ಸುತ್ತೆ, ನಾನೇ ಮಾಡ್ತೀನಿ. ನೀನು ಕ್ಯಾಮೆರಾದ ಹಿಡಿ ತಿರುಗಿಸು."

ಟುನ್ ಜೋ ಹುರುಪಿನಿಂದ ತಿರುಗಿಸತೊಡಗಿದ. ಬ ನ್ಯೇನ್ ಓಡಿದ, ಹಗ್ಗದ ಹತ್ತಿರ ಬಗ್ಗಿದ. ಗಂಜಿಯ ವಾಸನೆ ಬಿಡದ ಹೊಸ ಬಟ್ಟೆ. ಅದರ ಅಂಚಿಗೂ ನೆತ್ತಿಗೂ ನಡುವೆ ಒಂದು ಗೇಣು. ಬರೀ ಬಟ್ಟೆ, ಎಂದುಕೊಂಡ. ಕಾಲು ಏಳಲಿಲ್ಲ. ಹಿಂದೆ ಕ್ಯಾಮೆರಾ ಕಟಕಟ ಎನ್ನುತ್ತಿತ್ತು, ಒಂದೊಂದು ಸದ್ದಿಗೂ ರೀಲು ಕರಗುತ್ತಿತ್ತು. ಕೈ ತಾನಾಗಿ ನೆತ್ತಿಯನ್ನು ಮುಚ್ಚಿಕೊಂಡಿತು. ಆಮೇಲೆ ಅವನು ಮ ಖಿನ್ ಲೇಯ ಕೋಲಿನ ಪಕ್ಕದಿಂದ ಸುತ್ತಿ ಆಚೆಗೆ ನಡೆದುಬಿಟ್ಟ.

"ನಿಲ್ಲಿಸೋ!" ಎಂದು ಕೂಗುವಷ್ಟರಲ್ಲಿ ರೀಲು ಮುಗಿದು ಹಿಡಿ ಹಗುರವಾಗಿ ತಿರುಗುತ್ತಿತ್ತು.

"ಅಟ್ಟಿಸ್ಕೊಂಡು ಬರೋ ಆಳಿನ ಪಾತ್ರ ಸೊಗಸಾಗಿ ಬಂತು ಗುರುಗಳೇ," ಎಂದ ಟುನ್ ಜೋ. "ಇನ್ನೊಬ್ಬ ಪ್ರೇಮಿ ಸಿಕ್ಕರೆ ಆಯ್ತು."

ಬ ನ್ಯೇನ್ ಹಗ್ಗದ ಆಚೆ ನಿಂತಿದ್ದ. ಕ್ಯಾಮೆರಾ ಹಗ್ಗದ ಈಚೆಗಿತ್ತು. ಬರಬೇಕೆಂದರೆ ಮತ್ತೆ ಸುತ್ತಿಯೇ ಬರಬೇಕು, ಅವರಿಬ್ಬರೂ ನೋಡುತ್ತಿದ್ದ ಹಾಗೇ.