ಗುಡಿಸಲಾಗದ ಹೆಸರು

ಬಕ್ರೀದಿಗೆ ಮೂರು ದಿನ ಮುಂಚೆ ಲಾಹೋರ್ ಸೀಮೆಯ ಕೋಟ್ ಬುಲಾಕಿ ಪಟ್ಟಣದ ಏಳನೇ ವಾರ್ಡಿನ ಚರಂಡಿ ಕಟ್ಟಿಕೊಂಡಿತು. ಧರ್ಮ, ಕಾನೂನು ಮತ್ತು ರಾಜ್ಯದ ಬುನಾದಿಯನ್ನೇ ಅಲುಗಾಡಿಸಿದ ಈ ಸಂಗತಿಯನ್ನು ಮೊದಲೇ ಗಂಭೀರವಾಗಿ ತಿಳಿಸಿಬಿಡುವುದು ಒಳ್ಳೆಯದು. ಆ ಊರಿನ ಚರಂಡಿಗಳು ದಿನಕ್ಕೆ ಮೂರರಂತೆ ಕಟ್ಟಿಕೊಳ್ಳುತ್ತಿದ್ದವು, ನಿಜ. ಆದರೆ ಅವೆಲ್ಲ ಕಸದಿಂದ ಕಟ್ಟಿದ್ದವು. ಇದು ಕಟ್ಟಿದ್ದು ಕೌನ್ಸಿಲರ್ ಚೌಧ್ರಿ ಗುಲಾಮ್ ನಬಿಯ ಮುಖದಿಂದ.

"ನನ್ ಮಾರಿ ತಂದು ಹೇಲಾಗ ಹಾಸ್ಯಾನ ನೋಡ್ರೋ, ಈ ಚೂಹ್ಡಾ ಸೂಳೆಮಗ!"

ಚೂಹ್ಡಾ ಎಂದು ಕಸದವರ ಜಾತಿ ಹಿಡಿದು ಬೈಸಿಕೊಂಡ ಶಾಮೂನ್ ಮಸೀಹ್ ಗುಂಡಿಯಿಂದ ಸೊಂಟದವರೆಗೆ ಮೇಲೆ ಬಂದಿದ್ದ. ಬಾಯೊಳಗೆ ರಾಡಿ ಇದ್ದುದರಿಂದ ಉತ್ತರ ಕೊಡುವ ಸ್ಥಿತಿಯಲ್ಲಿರಲಿಲ್ಲ. ಅವನು ಹೊರಗೆಳೆದು ಹಾಕಿದ್ದ ಹನ್ನೆರಡು ಅಡಿಯ ಫ್ಲೆಕ್ಸು ರಸ್ತೆಯ ಮೇಲೆ ಬಿದ್ದಿತ್ತು. ಅದರಲ್ಲಿ ಹಬ್ಬದ ಶುಭಾಶಯವಿತ್ತು, ಮೀಸೆ ಹೊತ್ತ ಚೌಧ್ರಿಯ ಮುಖವಿತ್ತು, ಕೆಳಗೆ ಅವನ ಹೆಸರಿತ್ತು. ಫ್ಲೆಕ್ಸನ್ನು ಕಂಬಕ್ಕೆ ಕಟ್ಟಿಸಿದವನು ಚೌಧ್ರಿ, ಬೀಳಿಸಿದ್ದು ಗಾಳಿ, ನುಂಗಿದ್ದು ಚರಂಡಿ, ಎಳೆದು ತೆಗೆದವನು ಶಾಮೂನ್. ಈ ನಾಲ್ವರಲ್ಲಿ ಅಪರಾಧ ಮಾಡಿದವನು ಕೊನೆಯವನೊಬ್ಬನೇ ಎಂದು ತೀರ್ಮಾನವಾಗಲು ಒಂದು ಚಹಾ ಕುಡಿಯುವಷ್ಟು ಹೊತ್ತೂ ಹಿಡಿಯಲಿಲ್ಲ.

ಚೌಧ್ರಿಗೆ ನೋವಾಗಿದ್ದು ಮೀಸೆಯ ಜಾಗದಲ್ಲಿ. ಆದರೆ ಮೀಸೆಗೆ ರಾಡಿ ಮೆತ್ತಿದವರಿಗೆ ಕಾನೂನಿನಲ್ಲಿ ಕಲಂ ಇಲ್ಲ. ಹೆಸರಿನಲ್ಲಿ ನಬಿ ಇದ್ದರು, ಅಂದರೆ ಪೈಗಂಬರರು. ಅವರ ಹೆಸರಿಗೆ ಅಪಮಾನ ಮಾಡಿದವರಿಗೆ ಕಲಂ ಇತ್ತು, ಆ ಕಲಮಿಗೆ ಇದ್ದದ್ದು ಒಂದೇ ಶಿಕ್ಷೆ, ನೇಣು. ಅಪ್ಪ ಇಟ್ಟ ಹೆಸರು ತನಗೆ ಇಷ್ಟು ಉಪಯೋಗಕ್ಕೆ ಬಂದೀತೆಂದು ಚೌಧ್ರಿ ಅಲ್ಲಿಯವರೆಗೆ ಎಣಿಸಿರಲಿಲ್ಲ. ಮಧ್ಯಾಹ್ನದೊಳಗೆ ಅರ್ಜಿ ಬರೆಸಿದ. ಶಾಮೂನ್ ಮೈ ತೊಳೆಯದೆಯೇ ಲಾಕಪ್ಪಿಗೆ ಹೋದ.

ಶಾಮೂನನ ಹೆಂಡತಿ ರಾಹೀಲ ಅದೇ ವಾರ್ಡನ್ನು ಇಪ್ಪತ್ತೆರಡು ವರ್ಷಗಳಿಂದ ಗುಡಿಸುತ್ತಿದ್ದವಳು. ಪೊರಕೆ ಕೈಯಲ್ಲಿರುವಂತೆಯೇ ಠಾಣೆಗೆ ಓಡಿದಳು. ಅದನ್ನು ಹೊರಗಿಟ್ಟು ಬಾ ಎಂದರು. ಇಟ್ಟು ಬಂದಳು. ಠಾಣೇದಾರ ಅವಳನ್ನು ಬೈಯಲಿಲ್ಲ. ಅದರಿಂದಲೇ ಅವಳಿಗೆ ಹೆದರಿಕೆಯಾಯಿತು.

"ನೋಡು ಬೀಬಿ, ಹಬ್ಬದಾಗ ಗಲಾಟಿ ಬ್ಯಾಡಂತ ಅರ್ಜಿ ಇನ್ನೂ ದಾಖಲ್ ಮಾಡಿಲ್ಲ. ಶುಕ್ರವಾರ ನಮಾಜ್ ಮುಗದ ಮ್ಯಾಲೆ ಜನ ಬರ್ತಾರ. ಆಮ್ಯಾಲೆ ಅಂವ ನನ್ನ ಕೈಯಾಗ ಇರಂಗಿಲ್ಲ, ನಿನ್ನ ಕೈಯಾಗೂ ಇರಂಗಿಲ್ಲ."

"ಸಾಹೇಬ್ರ, ಅವಗ ಓದಾಕ ಬರಂಗಿಲ್ರಿ. ಗುಂಡಿಯಾಗ ಕತ್ತಲಿ. ಕೈಗೆ ಏನ್ ಸಿಗ್ತೈತಿ ಅದನ್ನ ಜಗ್ತಾನ."

"ಓದಾಕ ಬರಂಗಿಲ್ಲಂದ್ರ ಮುಟ್ಟಬಾರದಾಗಿತ್ತು."

ರಾಹೀಲ ಆ ಮಾತನ್ನು ಬಾಯಲ್ಲೇ ಒಮ್ಮೆ ಹೇಳಿಕೊಂಡಳು. "ಅದು ಕಾನೂನೇನ್ರಿ ಸಾಹೇಬ್ರ?"

"ಕಾನೂನಂತನ ತಿಳ್ಕೊ. ಹೋಗು."

ಅವಳು ಹೋದಳು. ದಾರಿಯಲ್ಲಿ ಚಹಾದಂಗಡಿಯ ಟಿವಿಯಲ್ಲಿ ಕೋಟು ಹಾಕಿದ ನಾಲ್ವರು ಮಾತಿನ ಸ್ವಾತಂತ್ರ್ಯಕ್ಕೆ ಎಲ್ಲೆ ಎಲ್ಲಿ ಎಂದು ಕೂಗಾಡುತ್ತಿದ್ದರು. ಎಲ್ಲೆ ಇರಲೇಬೇಕೆಂದು ಇಬ್ಬರು, ಇರಬಾರದೆಂದು ಒಬ್ಬ. ನಾಲ್ಕನೆಯವನಿಗೆ ಮಾತಾಡಲು ಸ್ವಾತಂತ್ರ್ಯ ಸಿಕ್ಕಿರಲಿಲ್ಲ. ರಾಹೀಲ ನಿಂತು ಕೇಳಿದಳು. ಅವಳ ಗಂಡ ಒಂದು ಮಾತೂ ಆಡಿರಲಿಲ್ಲ. ಗುಂಡಿಗೆ ಇಳಿದವನು ಬಾಯಿ ಮುಚ್ಚಿಕೊಂಡಿರಬೇಕು. ಆ ಕೆಲಸ ಕಲಿಯುವವರಿಗೆ ಹೇಳಿಕೊಡುವ ಮೊದಲ ಪಾಠವೇ ಅದು.

ಬಕ್ರೀದಿನ ಮೂರು ದಿನ ಕಸದವರಿಗೆ ರಜೆಯಿಲ್ಲ. ಊರು ಕುರಿ, ಹೋರಿಗಳನ್ನು ಕಡಿಯುತ್ತದೆ, ಕರುಳು, ಬೋಟಿ, ಸಗಣಿ ಬೀದಿಗೆ ಬರುತ್ತವೆ, ಮಸೀಹಿಗಳು, ಅಂದರೆ ಊರಿನ ಕ್ರೈಸ್ತರು, ಎತ್ತುತ್ತಾರೆ. ಮಂಗಳವಾರ ಹಬ್ಬದ ಮೊದಲ ದಿನ ಬೆಳಿಗ್ಗೆ ಆರಕ್ಕೆ ಸ್ಯಾನಿಟರಿ ಇನ್ಸ್‌ಪೆಕ್ಟರ್ ತುಫೈಲ್ ಹಾಜರಿ ಕರೆದ. ನಲವತ್ತೊಂದು ಜನ ಓಗೊಟ್ಟರು. ಓಗೊಟ್ಟವರು ಹಾಗೆಯೇ ಗೋಡೆಯುದ್ದಕ್ಕೂ ಸಾಲಾಗಿ ಕೂತರು. ಪೊರಕೆಗಳೂ ಅವರ ಪಕ್ಕದಲ್ಲಿ ಸಾಲಾಗಿ ಮಲಗಿದವು.

"ಏನಿದು? ಹರತಾಳೇನು? ನಾಳಿಂದ ಒಬ್ರಿಗೂ ಕೆಲಸಿಲ್ಲ, ನೆನಪಿರಲಿ!"

"ಹರತಾಳ ಅಲ್ರಿ ಸಾಹೇಬ್ರ," ಎಂದಳು ರಾಹೀಲ. "ಹರತಾಳ ಮಾಡೋರು ಮನ್ಯಾಗ ಮಕ್ಕೊಂತಾರ. ನಾವು ಬಂದೀವಿ. ಪೊರಕಿನೂ ತಂದೀವಿ. ಖರೆ ನಮಗ ಓದಾಕ ಬರಂಗಿಲ್ರಿ."

"ಕಸ ಹೊಡಿಯಾಕ ಓದ್ಯಾಕಬೇಕು, ಮುದುಕಿ?"

"ಓದಾಕ ಬರಂಗಿಲ್ಲಂದ್ರ ಮುಟ್ಟಬಾರದಂತ. ಠಾಣೇದಾರ್ ಸಾಹೇಬ್ರ ಹೇಳ್ಯಾರ. ಕಸದಾಗ ಪೇಪರ್ ಇರ್ತಾವು, ಲಗ್ನಪತ್ರಿಕಿ ಇರ್ತಾವು, ಚೀಟಿ ಇರ್ತಾವು. ಯಾವುದ್ರಾಗ ಯಾರ ಹೆಸರೈತೋ, ನಮ್ಮಂಥ ಹೊಲಸ್ ಮಂದಿಗೆ ಏನ್ ತಿಳೀಬೇಕ್ರಿ? ಪಾಪ ಆಗಬಾರದು ನೋಡ್ರಿ."

ಪಕ್ಕದಲ್ಲಿದ್ದ ತಾಜಿ, ಹಲ್ಲಿಲ್ಲದ ಮುದುಕಿ, ಕಣ್ಣು ಮುಚ್ಚಿ ತಲೆಯಾಡಿಸಿದಳು. "ಇಷ್ಟ್ ದಿನ ಮಾಡಿದ್ದಕ್ಕ ದೇವ್ರು ಕ್ಷಮಿಸ್ಲಿ. ನಾ ಅಂತೂ ಐವತ್ತ್ ವರ್ಷ ಏನೇನ್ ಗುಡಿಸೀನೋ, ನೆನಸಿದ್ರ ಮೈ ನಡಗತೈತಿ."

"ಓದು ಬಂದವ್ರು ಒಬ್ರನ್ನ ಕೊಡ್ರಿ," ಎಂದಳು ರಾಹೀಲ. "ಅವ್ರು ಮುಂದ ಓದ್ಕೋಂತ ಹೋಗ್ಲಿ. ಹೆಸರಿದ್ದದ್ದು ಆರಿಸಿ ಕೊಡ್ಲಿ. ಹಿಂದ ನಾವು ಗುಡಿಸ್ತೀವಿ."

ತುಫೈಲ್ ಒಬ್ಬೊಬ್ಬರ ಮುಖವನ್ನೂ ನೋಡುತ್ತ ಹೋದ. ನಗು ಹುಡುಕುತ್ತಿದ್ದ. ಸಿಕ್ಕಿದ್ದರೆ ಅಲ್ಲೇ ಹೊಡೆಯಬಹುದಿತ್ತು. ನಲವತ್ತೊಂದು ಮುಖಗಳಲ್ಲೂ ಭಯಭಕ್ತಿ ತುಂಬಿತ್ತು. ಭಕ್ತಿಯ ಮಾತು ಹೇಳಲಾಗದು. ಭಯವಂತೂ ನಿಜವಾದದ್ದೇ.

ಬುಧವಾರ ಕಸ ಓದಿ ಆರಿಸಲು ಪುರಸಭೆ ಕಮಿಟಿಯ ಗುಮಾಸ್ತ ಬಂದ. ಆ ಹೊತ್ತಿಗೆ ಬಿಸಿಲಿಗೆ ಊರು ಗಬ್ಬೆದ್ದಿತ್ತು. ಮೂಗಿಗೆ ಕರವಸ್ತ್ರ ಕಟ್ಟಿಕೊಂಡು ಒಂದು ಲಗ್ನಪತ್ರಿಕೆ ಎತ್ತಿ ಓದಿದ. ಮದುಮಗನ ಹೆಸರಿನಲ್ಲಿ ಒಂದು ಪವಿತ್ರ ನಾಮ, ಮಾವನ ಹೆಸರಿನಲ್ಲಿ ಎರಡು. ಕರುಳು ಸುತ್ತಿದ್ದ ದಿನಪತ್ರಿಕೆಯ ಪುಟ ಬಿಡಿಸಿದ. ಅದರಲ್ಲೂ ಅದೇ ನಾಮ. ಇದನ್ನು ತಾನು ಓದಿದ್ದಾಗಿದೆ. ಓದಿದ ಮೇಲೆ ಕೆಳಗಿಡುವ ಹಾಗಿಲ್ಲ. ನಲವತ್ತೊಂದು ಜನ ನೋಡುತ್ತಿದ್ದಾರೆ.

"ಚಷ್ಮಾ ಮನ್ಯಾಗ ಬಿಟ್ಟ್ ಬಂದೀನಿ," ಎಂದ.

"ಮೂಗಿನ ಮ್ಯಾಲೆ ಐತಲ್ರಿ," ಎಂದಳು ತಾಜಿ.

"ಇದು ದೂರದ್ದು." ಗುಮಾಸ್ತ ಆ ಪುಟವನ್ನು ಎದೆಗವಚಿಕೊಂಡೇ ಮನೆಗೆ ಹೋದ. ಮತ್ತೆ ಬರಲಿಲ್ಲ.

ಗುರುವಾರ, ಹಬ್ಬದ ಮೂರನೆಯ ದಿನ, ಚೌಧ್ರಿಯ ಮನೆಗೆ ಲಾಹೋರಿನಿಂದ ಮಂತ್ರಿಯೊಬ್ಬರು ಊಟಕ್ಕೆ ಬರುವವರಿದ್ದರು. ಚೌಧ್ರಿ ಹಬ್ಬದ ಮೊದಲ ದಿನವೇ ಒಂದು ಒಂಟೆ, ಎರಡು ಹೋರಿ ಕಡಿಸಿದ್ದ. ಬಡವರಿಗೆ ಮಾಂಸ ಹಂಚಲು ಐನೂರು ಪ್ಲಾಸ್ಟಿಕ್ ಚೀಲ ಅಚ್ಚು ಹಾಕಿಸಿದ್ದ. ಅದರ ಮೇಲೆ ಅದೇ ಮೀಸೆ, ಅದೇ ಹೆಸರು. ಮಾಂಸ ಹಂಚಿಯಾದ ಮೇಲೆ ಉಳಿದ ನೂರ ಹತ್ತು ಚೀಲಗಳಿಗೆ ಆಳುಗಳು ಕರುಳು ತುಂಬಿ ಗೇಟಿನ ಹೊರಗೆ ಒಟ್ಟಿದ್ದರು. ಪ್ರತಿ ವರ್ಷ ಒಟ್ಟುತ್ತಿದ್ದುದೂ ಹಾಗೆಯೇ. ಪ್ರತಿ ವರ್ಷ ಅವು ಒಂದು ಗಂಟೆಯಲ್ಲಿ ಮಾಯವಾಗುತ್ತಿದ್ದವು. ಈ ಸಲ ಮೂರು ದಿನದಿಂದ ಬಿಸಿಲಲ್ಲಿ ಉಬ್ಬಿಕೊಂಡು ಕೂತಿದ್ದವು, ಚೌಧ್ರಿಯ ಕೆನ್ನೆಗಳೂ ಅವುಗಳ ಜೊತೆ ಉಬ್ಬಿದ್ದವು. ನಾಯಿಗಳು ಬಂದಿದ್ದವು.

"ಏ, ಎತ್ರಲೇ ಇದನ್ನ! ಮಂತ್ರಿಗೋಳು ಬರೋ ಹೊತ್ತಾತು!" ಚೌಧ್ರಿ ಗೇಟಿನಲ್ಲಿ ನಿಂತು ಕೂಗಿದ.

ಬೀದಿಯಾಚೆ ಕೂತಿದ್ದ ಕಸದವರಲ್ಲಿ ರಾಹೀಲ ಎದ್ದು ಬಂದಳು. ಗುಂಪು ಸೇರಿತ್ತು. ಅರ್ಜಿಗೆ ಸಾಕ್ಷಿ ಹಾಕಿದ್ದ ಬಟ್ಟೆ ಅಂಗಡಿಯವನೂ ಅದರಲ್ಲಿದ್ದ. ಒಂದು ಮಾತು ಹೆಚ್ಚಾದರೆ ನಾಳೆ ಲಾಕಪ್ಪಿನ ಮುಂದೆ ಸೇರುವ ಜನ ಇಂದೇ ಇಲ್ಲೇ ಸೇರುತ್ತಾರೆ ಎಂದು ಅವಳಿಗೆ ಗೊತ್ತಿತ್ತು. ಚೀಲಗಳಿಂದ ಎರಡು ಮಾರು ದೂರ ನಿಂತು ಕೈಗಳನ್ನು ಬೆನ್ನ ಹಿಂದೆ ಕಟ್ಟಿಕೊಂಡಳು.

"ಎತ್ತತೀನ್ರಿ ಚೌಧ್ರಿ ಸಾಹೇಬ್ರ. ಖರೆ ಈ ಚೀಲದ ಮ್ಯಾಲೆ ಏನೋ ಬರದೈತಲ್ರಿ. ಜರಾ ಓದಿ ಹೇಳ್ತೀರೇನು? ಎಲ್ಲಾರಿಗೂ ಕೇಳೂ ಹಂಗ."

ಚೌಧ್ರಿ ಬಾಯಿ ತೆರೆದ. ಚೀಲ ನೋಡಿದ. ಬಾಯಿ ಮುಚ್ಚಿದ.

ಬಟ್ಟೆ ಅಂಗಡಿಯವನು ಕುತ್ತಿಗೆ ಚಾಚಿ ಓದಿದ. ಅವನಿಗೆ ಓದು ಬರುತ್ತಿತ್ತು. ಪಕ್ಕದವನ ಕಿವಿಯಲ್ಲಿ ಏನೋ ಹೇಳಿದ. ಅವನು ಇನ್ನೊಬ್ಬನ ಕಿವಿಯಲ್ಲಿ. ಅಷ್ಟರಲ್ಲಿ ಒಂದು ಕಂದು ನಾಯಿ ಚೀಲವೊಂದನ್ನು ಮೀಸೆಯ ಜಾಗದಲ್ಲಿ ಕಚ್ಚಿ ಎಳೆದುಕೊಂಡು ಹೊರಟಿತು.

"ಇದು... ಇದು ಬರೇ ಪ್ಲಾಸ್ಟಿಕ್," ಎಂದ ಚೌಧ್ರಿ.

"ಫ್ಲೆಕ್ಸೂ ಪ್ಲಾಸ್ಟಿಕ್ಕ ಇತ್ತಲ್ರಿ," ಎಂದಳು ರಾಹೀಲ, ತುಂಬ ಮೆಲ್ಲಗೆ. "ನಾಯಿಗೂ ಓದಾಕ ಬರಂಗಿಲ್ಲ, ಪಾಪ. ಅದರ ಮ್ಯಾಲೂ ಅರ್ಜಿ ಕೊಡ್ತೀರೇನ್ರಿ?"

ಯಾರೂ ನಗಲಿಲ್ಲ. ಗುಂಪಿನವರು ಈಗ ರಾಹೀಲಳನ್ನು ನೋಡುತ್ತಿರಲಿಲ್ಲ. ಐದು ದಿನ ಹಿಂದೆ ಶಾಮೂನನನ್ನು ನೋಡಿದ ಕಣ್ಣುಗಳೇ ಚೌಧ್ರಿಯನ್ನು ನೋಡುತ್ತಿದ್ದವು. ಆ ನೋಟದ ಅರ್ಥ ಅವನಷ್ಟು ಚೆನ್ನಾಗಿ ಬಲ್ಲವರು ಊರಲ್ಲಿ ಇನ್ನೊಬ್ಬರಿರಲಿಲ್ಲ, ಅದನ್ನು ತಯಾರಿಸಿದವನೇ ಅವನು.

ಚೌಧ್ರಿ ಗುಲಾಮ್ ನಬಿ ಬಗ್ಗಿದ. ನಾಯಿಯ ಬಾಯಿಂದ ಚೀಲ ಕಿತ್ತುಕೊಂಡ. ಬಿಳಿ ಕಮೀಜಿನ ಮಡಿಲಿಗೆ ಒಂದೊಂದೇ ಚೀಲ ಎತ್ತಿಕೊಂಡು ಒಳಗೆ ಹೊತ್ತೊಯ್ದ. ಆಳುಗಳು ಕರುಳು ಸುರಿದರು, ಅವನು ನಲ್ಲಿಯ ಕೆಳಗೆ ಕುಕ್ಕರಗಾಲಲ್ಲಿ ಕೂತು ನೂರ ಹತ್ತೂ ಚೀಲಗಳನ್ನು ತೊಳೆದು ಹಗ್ಗದ ಮೇಲೆ ಒಣಹಾಕಿದ. ಮಂತ್ರಿಗಳು ವಾಸನೆ ತಾಳದೆ ಊರ ಹೊರಗಿನಿಂದಲೇ ಕಾರು ತಿರುಗಿಸಿದ್ದರು.

ಸಂಜೆ ಚೌಧ್ರಿ ಠಾಣೆಗೆ ಬಂದ. ತಪ್ಪು ತಿಳಿವಳಿಕೆಯಾಗಿತ್ತು ಎಂದ. ಬಟ್ಟೆ ಅಂಗಡಿಯವನಿಗೂ ಆಗಿತ್ತು. ಠಾಣೇದಾರ ಲಾಕಪ್ಪಿನ ಬೀಗ ತೆಗೆಸಿದ. ಶಾಮೂನ್ ಹೊರಬಂದ, ಮೈಮೇಲಿನ ರಾಡಿ ಒಣಗಿ ಸಿಪ್ಪೆಯೇಳುತ್ತಿತ್ತು. ಠಾಣೇದಾರ ಅರ್ಜಿಯನ್ನು ಎರಡು ಕೈಯಲ್ಲಿ ಹಿಡಿದು ಹರಿಯಲು ಹೋದವನು ತಡೆದು ನಿಂತ. ಅಂದವಾದ ಬರವಣಿಗೆ. ಆ ಪವಿತ್ರ ನಾಮ ಅದರಲ್ಲಿ ಏಳು ಕಡೆ ಇತ್ತು.

"ಸಾಹೇಬ್ರ, ನಿಮಗ ಓದಾಕ ಬರ್ತೈತಲ್ರಿ," ಎಂದಳು ರಾಹೀಲ.

ಅವನು ಕಾಗದವನ್ನು ಮಡಿಸಿದ, ಕಣ್ಣಿಗೊತ್ತಿಕೊಂಡ, ಕಪಾಟಿನ ಎಲ್ಲಕ್ಕಿಂತ ಮೇಲಿನ ಖಾನೆಯಲ್ಲಿಟ್ಟು ಬೀಗ ಹಾಕಿದ.

ಶುಕ್ರವಾರ ಊರು ಗುಡಿಸಲಾಯಿತು. ಶನಿವಾರ ಏಳನೇ ವಾರ್ಡಿನ ಚರಂಡಿ ಮತ್ತೆ ಕಟ್ಟಿಕೊಂಡಿತು, ಶಾಮೂನ್ ಇಳಿದ. ಅರ್ಜಿ ಕಪಾಟಿನಲ್ಲಿದೆ.