ಮನ್ಸೂರನ ಎಡ ಮೊಣಕಾಲು

ಮನ್ಸೂರನ ಎಡ ಮೊಣಕಾಲಿಗೆ ನೋವು ತಿಳಿಯದಂತೆ ಚುಚ್ಚುಮದ್ದು ಕೊಟ್ಟು ಫುಟ್‌ಬಾಲ್ ಸೆಮಿಫೈನಲ್ ಆಡಿಸಿದರು. ಫೈನಲ್ಲಿಗೆ ಮುಂಚೆ ಕ್ಲಬ್ಬಿನವರು ಅವನ ಕಾಂಟ್ರಾಕ್ಟ್ ರದ್ದು ಮಾಡಿದರು.

ಅದಕ್ಕೂ ಮೊದಲು ಅವನನ್ನು ಆಡಿಸಿದ್ದು ಕಾಲೇಜು. ಗೌತಮಪುರದ ಕೆಂಪು ಮಣ್ಣಿನಲ್ಲಿ ಬರಿಗಾಲಲ್ಲಿ ಓಡುತ್ತಿದ್ದವನನ್ನು ಕರೆದು ಸ್ಪೋರ್ಟ್ಸ್ ಕೋಟಾದಲ್ಲಿ ಸೀಟು ಕೊಟ್ಟರು. ಟೂರ್ನಮೆಂಟು ಬಂದಾಗ ಕ್ಲಾಸಿಗೆ ಬರಬೇಡ ಎಂದರು, ಪರೀಕ್ಷೆ ಬಂದಾಗ ಹಾಜರಿ ಸಾಲದು ಎಂದರು. ಅವನು ಗೆದ್ದುಕೊಟ್ಟ ಕಪ್ಪು ಪ್ರಿನ್ಸಿಪಾಲರ ಕೋಣೆಯ ಗಾಜಿನ ಬೀರುವಿನೊಳಗೆ ಹೋಯಿತು. ಅವನು ಪರೀಕ್ಷಾ ಹಾಲಿನ ಹೊರಗೆ, ಸೈಕಲ್ ಸ್ಟ್ಯಾಂಡಿನ ಕಟ್ಟೆಯ ಮೇಲೆ ಉಳಿದ.

ಇಷ್ಟಾದರೂ ಮನ್ಸೂರನಿಗೆ ಯಾರ ಮೇಲೂ ಸಿಟ್ಟಿಲ್ಲ. ಸೆಮಿಫೈನಲ್ಲಿನ ದಿನ ಕ್ಲಬ್ಬಿನ ಮ್ಯಾನೇಜರು ಭುಜದ ಮೇಲೆ ಕೈಯಿಟ್ಟು, ತಂದೆಯ ಹಾಗೆ, "ಸ್ವಲ್ಪ ಹೊತ್ತು ತಡ್ಕೋ ಮಗಾ, ಈಗ ಹೊರಗ್ ಬಂದ್ರೆ ನಿನ್ ಜಾಗ ಹೋಗತ್ತೆ" ಅಂದಿದ್ದರು. ಮೊಣಕಾಲು ಹೋದರೂ ಆ ಮಾತು ಉಳಿಯಿತು. ಹಿರಿಯರು ಹೇಳಿದ ಬುದ್ಧಿಮಾತು ಎಂದೇ ಅವನು ಅದನ್ನು ಜೋಪಾನ ಮಾಡಿಕೊಂಡಿದ್ದ.

ಈಗ ಡಚ್ಚರ ನಾಡಿನ ವೆಲ್ಡ್‌ಹೋವನ್ನಿನಲ್ಲಿ ಅವನು ಸೈಕಲ್ ರಿಪೇರಿ ಅಂಗಡಿಯಲ್ಲಿ ಕೆಲಸ ಮಾಡುತ್ತಾನೆ. ಹೆಂಡತಿ ಅಕೀಲಾ ಚಿಪ್ ಮಷೀನಿನ ಕಂಪನಿಯಲ್ಲಿ ಎಂಜಿನಿಯರು. ಅವಳ ಪರ್ಮಿಟ್ಟಿನ ಮೇಲೆಯೇ ಸಂಸಾರ ಇಲ್ಲಿಗೆ ಬಂದದ್ದು. ಮನೆಯಲ್ಲಿ ಮಾತು ದಖನಿ. ಜಗಳಕ್ಕೂ ಮುದ್ದಿಗೂ ಕನ್ನಡ. ಸಂಜೆ ಅವನು ಕಾಲು ಚಾಚಿ ಸೋಫಾದಲ್ಲಿ ಕೂತರೆ ಮಗಳು ಜವೇರಿಯಾ ಫ್ರೀಜರಿನಿಂದ ಬಟಾಣಿ ಪ್ಯಾಕೆಟ್ಟು ತಂದು, ಟವೆಲ್ಲು ಸುತ್ತಿ, ಅವನ ಮೊಣಕಾಲಿನ ಮೇಲಿಟ್ಟು ಎರಡೂ ಕೈಯಲ್ಲಿ ಒತ್ತಿ ಹಿಡಿಯುತ್ತಾಳೆ. ಮಾತು ಬರುವ ಮುಂಚೆಯೇ ಅವಳು ಕಲಿತ ಕೆಲಸ ಅದು. ಆ ಬಟಾಣಿಯನ್ನು ಮಾತ್ರ ಆ ಮನೆಯಲ್ಲಿ ಯಾರೂ ಪಲಾವಿಗೆ ಹಾಕುವುದಿಲ್ಲ.

ಜವೇರಿಯಾ ಊರಿನ ಕ್ಲಬ್ಬಿನ ಹುಡುಗಿಯರ ತಂಡದಲ್ಲಿ ಬಲಬದಿಯಲ್ಲಿ ಆಡುತ್ತಾಳೆ. ಚೆಂಡು ಕಾಲಿಗೆ ಬಂದಾಗ ಒಂದು ಗಳಿಗೆ ನಿಂತು, ಎದುರಿನವಳು ಮೋಸಹೋದ ಮೇಲೆ ಹೊರಡುತ್ತಾಳೆ. ಯಾರೂ ಹೇಳಿಕೊಟ್ಟದ್ದಲ್ಲ, ಮನ್ಸೂರನದೇ ಆಟ ಅದು.

ಆ ಶನಿವಾರದ ಪಂದ್ಯಕ್ಕೆ ಐಂಡ್‌ಹೋವನ್‌ನ ದೊಡ್ಡ ಕ್ಲಬ್ಬಿನಿಂದ ಆಟಗಾರ್ತಿಯರನ್ನು ಆರಿಸುವವರು ಬರುತ್ತಾರೆಂದು ಗೊತ್ತಾದಾಗಿನಿಂದ ಮನ್ಸೂರನಿಗೆ ಊಟ ಸೇರಿರಲಿಲ್ಲ. ಅಕೀಲಾ ಹಿಂದಿನ ದಿನವೇ ಹೇಳಿದ್ದಳು: "ಅವಳ ಕಾಲು ಅವಳದು ರೀ. ನೀವು ಬಾಕಿ ಬಿಟ್ಟಿರೋ ಆಟಾನ ಅದ್ರಲ್ಲಿ ಆಡ್ಬೇಡಿ."

ಅಂದು ಮಕ್ಕಳಿಗೆ ಚಹಾ ತರುವ ಸರದಿ ಮೈಸೂರಿನ ನರಹರಿಯದು. ಅಕೀಲಾಳ ಸಹೋದ್ಯೋಗಿ ಅವನು. ಅವನ ಮಗಳು ಅನನ್ಯಾ ಇದೇ ತಂಡದ ಗೋಲ್‌ಕೀಪರು. ಫ್ಲಾಸ್ಕು ತಬ್ಬಿಕೊಂಡು ಗೆರೆಯಂಚಿಗೆ ಬಂದು ನಿಂತ.

"ಸ್ವಲ್ಪ ಹಿಂದೆ ಬನ್ನಿ ಮನ್ಸೂರ್ ಸಾರ್, ನೀವೇ ಇಳಿದ್ಬಿಡ್ತೀರ ಅಂತ ರೆಫ್ರಿಗೆ ಭಯ ಆಗ್ತಿದೆ."

"ಇಳಿದ್ರೆ ನಿಮ್ ಮಗಳಿಗೆ ಒಂದೂ ಹಿಡಿಯಕ್ ಆಗಲ್ಲ ನರಹರಿ."

"ನಿಂತಲ್ಲೇ ಹೊಡೀಬೇಕಷ್ಟೆ, ನಿಮ್ ಕಾಲು ಓಡಬೇಕಲ್ಲ. ಆ ನೀಲಿ ಜಾಕೆಟ್ಟಿನವರನ್ನ ನೋಡಿದ್ರಾ? ಅವರೇ ಅಂತೆ."

ಮನ್ಸೂರ್ ಆಗಲೇ ನೋಡಿದ್ದ. ಜವೇರಿಯಾ ಇಬ್ಬರನ್ನು ದಾಟಿ ಕೊಟ್ಟ ಚೆಂಡು ಗೋಲಾದಾಗ ನೀಲಿ ಜಾಕೆಟ್ಟಿನಾತ ಪಕ್ಕದವರ ಕಡೆ ಬಾಗಿ ಹೆಸರು ಕೇಳಿದ್ದನ್ನೂ ನೋಡಿದ್ದ. ಎದೆಯೊಳಗೆ ಗೌತಮಪುರದ ತಮಟೆ ಹೊಡೆದುಕೊಳ್ಳುತ್ತಿತ್ತು.

ವಿರಾಮದ ಚಹಾ ಮುಗಿದು ಮತ್ತೆ ಆಟ ಶುರುವಾಯಿತು. ಎದುರು ತಂಡದ ಎತ್ತರದ ಹುಡುಗಿಯೊಬ್ಬಳು ಚೆಂಡು ಕಸಿಯಲು ಕಾಲಿಗೆ ಅಡ್ಡ ಜಾರಿದಳು. ಜವೇರಿಯಾ ಬಿದ್ದು, ಎದ್ದು, ನಾಲ್ಕು ಹೆಜ್ಜೆ ಕುಂಟಿ, ಕೈಯೆತ್ತಿದಳು. ಕೋಚ್ ಮಾರ್ಲೂಸ್ ಇನ್ನೊಬ್ಬಳನ್ನು ಒಳಗೆ ಕಳಿಸಿ ಇವಳ ಬೆನ್ನು ತಟ್ಟಿ ಬೆಂಚಿನಲ್ಲಿ ಕೂರಿಸಿದಳು. ಇಲ್ಲಿ ಹಾಗೆಯೇ. ಹೊರಗೆ ಬಂದ ಮಗು ಉಸಿರು ತಿರುಗಿದ ಮೇಲೆ ಮತ್ತೆ ಒಳಗೆ ಹೋಗುತ್ತದೆ, ಹೋಗದಿದ್ದರೆ ಮುಂದಿನ ವಾರ ಹೋಗುತ್ತದೆ. ಮನ್ಸೂರನ ಕಣ್ಣು ಇದನ್ನು ವಾರವಾರವೂ ಕಂಡಿತ್ತು. ಮೈ ಮಾತ್ರ ನಂಬಿರಲಿಲ್ಲ. ಅವನಾಡಿದ ಆಟದಲ್ಲಿ ಹೊರಗೆ ಬಂದವನು ಹೊರಗೇ ಉಳಿಯುತ್ತಿದ್ದ.

ಅವನು ಕುಂಟುತ್ತಲೇ ಮೈದಾನ ಸುತ್ತಿ ಓಡಿದ. ಬೆಂಚಿನೆದುರು ಒದ್ದೆ ನೆಲದಲ್ಲಿ ಮಂಡಿಯೂರಿದ. ಜಾಕೆಟ್ಟಿನ ಜೇಬಿನಲ್ಲಿ ಸದಾ ಇರುವ ಟೇಪಿನ ಸುರುಳಿ ತೆಗೆದು ಮಗಳ ಎಡ ಮೊಣಕಾಲಿನ ಮೇಲೆ ಬೆರಳಿಟ್ಟ. ಬಿಸಿ, ಒಳಗೆ ಮೆತ್ತಗೆ ಊತ. ಆ ಊತ ಎಂಥದೆಂದು ಬೇರೆ ಯಾರೂ ಅವನಿಗೆ ಹೇಳಬೇಕಾಗಿರಲಿಲ್ಲ.

"ಏನಾಗಿಲ್ಲ ಬೇಟಾ. ಬಿಗಿಯಾಗಿ ಕಟ್ತೀನಿ. ಸ್ವಲ್ಪ ಹೊತ್ತು ತಡ್ಕೋ."

"ನೋಯತ್ತೆ ಅಬ್ಬಾ."

"ಅವರು ನಿನ್ನನ್ನೇ ನೋಡ್ತಿದಾರೆ. ಈಗ ಹೊರಗ್ ಕೂತ್ರೆ ನಿನ್ ಜಾಗ ಹೋಗತ್ತೆ."

ಮಾತು ಬಾಯಿ ದಾಟಿದ ಮೇಲೆ ಅದು ಯಾರ ದನಿಯೆಂದು ಅವನಿಗೆ ಕೇಳಿಸಿತು. ತನ್ನ ಎಡಗೈ ಮಗಳ ಭುಜದ ಮೇಲಿರುವುದೂ ಕಂಡಿತು. ಆದರೂ ಬಲಗೈ ಟೇಪು ಬಿಚ್ಚುತ್ತಲೇ ಇತ್ತು.

ಜವೇರಿಯಾ ಅವನ ಮುಖ ನೋಡಿದಳು. ಆಮೇಲೆ ಒದ್ದೆ ಹುಲ್ಲಿಗೆ ಊರಿದ ಅವನ ಎಡ ಮಂಡಿಯನ್ನು ನೋಡಿದಳು. ಪ್ಯಾಂಟಿನ ಮೇಲಿಂದಲೇ ಅದರ ಮೇಲೆ ಎರಡೂ ಅಂಗೈಯಿಟ್ಟಳು, ಸಂಜೆ ಬಟಾಣಿ ಪ್ಯಾಕೆಟ್ಟು ಒತ್ತುವ ಹಾಗೆ.

"ಇದನ್ನೂ ಯಾರೋ ಹಿಂಗೇ ಕಟ್ಟಿದ್ರಾ ಅಬ್ಬಾ?"

ಮೈದಾನದಲ್ಲಿ ಸೀಟಿ ಕೇಳಿಸಿತು. ನೀಲಿ ಜಾಕೆಟ್ಟಿನಾತ ಗಡಿಯಾರ ನೋಡಿಕೊಂಡ.

"ಒಂದೇ ಸಲ ಬೇಟಾ," ಅಂದ ಮನ್ಸೂರ್. "ಅವರು ಹೊರಟುಬಿಡ್ತಾರೆ."

ಅವಳು ಅವನ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ಟೇಪಿನ ಸುರುಳಿ ತೆಗೆದುಕೊಂಡು, ಬೆಂಚಿನ ಕೆಳಗಿಟ್ಟಳು.

"ಹೋಗ್ಲಿ ಬಿಡಿ. ನಾನು ಆಡಲ್ಲ."